ಇನ್ನೂರ ನಲವತ್ತು ಕಂತುಗಳು

ಹಿರಿಯೂರಿನವರಿಗೆ ಕಾಯುವುದು ಹೊಸದಲ್ಲ. ವೇದಾವತಿಗೆ ಅಡ್ಡಲಾಗಿ ಮಾರಿಕಣಿವೆಯಲ್ಲಿ 1898ರಲ್ಲಿ ಆರಂಭವಾಗಿ 1907ರಲ್ಲಿ ಮುಗಿದ ವಾಣಿವಿಲಾಸ ಸಾಗರವು 1933ರಲ್ಲಿ ಕೋಡಿ ಬಿದ್ದ ಮೇಲೆ ಮತ್ತೆ ಕೋಡಿ ಬಿದ್ದದ್ದು 2022ರ ಸೆಪ್ಟೆಂಬರಿನಲ್ಲಿ. ನಡುವಣ 89 ವರ್ಷಗಳಲ್ಲಿ ಮೂರು ತಲೆಮಾರಿನವರು ಆ ಕೋಡಿಯ ಕಡೆಗೆ ನೋಡುತ್ತಲೇ ಕಾಲ ಕಳೆದರು. ಇಂಥ ಊರಿನಲ್ಲಿ ಇಪ್ಪತ್ತು ವರ್ಷವೆಂದರೆ ಏನು ಮಹಾ ಎಂದು ಯಾರಾದರೂ ಅಂದಾರು. ಬ್ಯಾಂಕಿನ ಮೇಜಿನ ಮುಂದೆ ಕುಳಿತು ಗೃಹಸಾಲದ ಕಾಗದಗಳಿಗೆ ಸಹಿ ಹಾಕುವವರು ಮನಸ್ಸಿನೊಳಗೆ ಅಂದುಕೊಳ್ಳುವುದೂ ಬಹುಮಟ್ಟಿಗೆ ಅದನ್ನೇ.

ಆ ಊರಿನ ಒಂದು ಸಂಸಾರವನ್ನು ಕಣ್ಣಮುಂದೆ ತಂದುಕೊಳ್ಳಬಹುದು. ಹೆಸರು ಬೇಕಿಲ್ಲ, ಅಂಥ ಸಂಸಾರಗಳು ಬೀದಿಗೊಂದು ಇವೆ. ಯಜಮಾನರು ಸರ್ಕಾರಿ ಪ್ರೌಢಶಾಲೆಯ ಉಪಾಧ್ಯಾಯರು, ವಯಸ್ಸು ನಲವತ್ತು. ಹೆಂಡತಿ ಮನೆಯ ಲೆಕ್ಕವನ್ನು ನೋಟುಪುಸ್ತಕದಲ್ಲಿ ತಪ್ಪದೆ ಬರೆದಿಡುವ ಜಾಣೆ. ಎಂಟು ವರ್ಷದ ಒಬ್ಬಳು ಮಗಳು. ನಾಲೆಯ ಬಯಲಿನಲ್ಲಿ ಒಂದಿಷ್ಟು ತೆಂಗಿನ ತೋಟ ಉಳಿಸಿಕೊಂಡು ಬಂದ ವೃದ್ಧ ತಂದೆ. ತೇರುಮಲ್ಲೇಶ್ವರನ ಗುಡಿಗೆ ಹತ್ತಿರದ ಬಾಡಿಗೆ ಮನೆಯಲ್ಲಿ ಹನ್ನೆರಡು ವರ್ಷ ಕಳೆದಿವೆ. ಸೈಟು ಕೊಂಡಾಗಿದೆ, ಖಾತೆಯ ಕಾಗದ ಸರಿಯಾಗಿದೆ, ನಕ್ಷೆ ಬರೆಸಿಯಾಗಿದೆ. ಮೇಲೊಂದು ಅಂತಸ್ತೂ ಸೇರಿ, ಕೈಯಲ್ಲಿರುವ ಹಣ ಕಳೆದು, 25 ಲಕ್ಷ ರೂಪಾಯಿ ಸಾಲ ಬೇಕು.

ಬ್ಯಾಂಕಿನ ಅಧಿಕಾರಿಗಳು ವಿನಯದಿಂದಲೇ ಮಾತನಾಡಿಸಿದರು. ಬಡ್ಡಿ ನೂರಕ್ಕೆ ಎಂಟೂವರೆ, ಅವಧಿ ಇಪ್ಪತ್ತು ವರ್ಷ, ತಿಂಗಳ ಕಂತು 21,696 ರೂಪಾಯಿ. ಸಂಬಳದಲ್ಲಿ ಇಷ್ಟು ಹೋದರೆ ಮಿಕ್ಕದ್ದರಲ್ಲಿ ಮನೆ ನಡೆಯುವುದೇ ಎಂಬ ಒಂದೇ ಪ್ರಶ್ನೆಯನ್ನು ಹೊತ್ತುಕೊಂಡು ಮೇಷ್ಟರು ಮನೆಗೆ ಬಂದರು. ಸಾಮಾನ್ಯವಾಗಿ ಎಲ್ಲರೂ ಕೇಳುವ ಪ್ರಶ್ನೆ ಅದೊಂದೇ. ಕಂತು ಹೊರಲಾಗುವಷ್ಟು ಹಗುರವಾಗಿದ್ದರೆ ಸಾಲವೂ ಹಗುರವೆಂದು ಮನಸ್ಸು ತೀರ್ಮಾನ ಮಾಡಿಬಿಡುತ್ತದೆ.

ಜಗಲಿಯಲ್ಲಿ ಕುಳಿತಿದ್ದ ತಂದೆ ಬಡ್ಡಿಯನ್ನು ತಮ್ಮ ರೀತಿಯಲ್ಲಿ ಎಣಿಸಿದರು. ಅವರ ಲೆಕ್ಕ ವರ್ಷದ್ದಲ್ಲ, ತಿಂಗಳದ್ದು. ಕೈಸಾಲಕ್ಕೆ ನೂರಕ್ಕೆ ಎರಡು ರೂಪಾಯಿ, ಮೂರು ರೂಪಾಯಿ ಎಂದು ತಿಂಗಳ ಬಡ್ಡಿ ಹೇಳುವ ಕಾಲವನ್ನು ಕಂಡವರು. "ಎಂಟೂವರೆ ಅಂದರೆ ತಿಂಗಳಿಗೆ ನೂರಕ್ಕೆ ಎಪ್ಪತ್ತೊಂದು ಪೈಸೆ ಆಯಿತು. ಅಗ್ಗವೇ ಕಣಪ್ಪಾ," ಎಂದರು. ಸ್ವಲ್ಪ ಹೊತ್ತು ಸುಮ್ಮನಿದ್ದು, "ಎಷ್ಟು ತಿಂಗಳು?" ಎಂದು ಕೇಳಿದರು.

"ಇನ್ನೂರ ನಲವತ್ತು."

ಮುದುಕರು ಮತ್ತೆ ಮಾತನಾಡಲಿಲ್ಲ. ಸೊಸೆ ನೋಟುಪುಸ್ತಕ ತೆಗೆದಳು.

ಇನ್ನೂರ ನಲವತ್ತನ್ನು ಕಂತಿನಿಂದ ಗುಣಿಸಿದರೆ 52 ಲಕ್ಷದ 7 ಸಾವಿರ ರೂಪಾಯಿಯಾಗುತ್ತದೆ. ಪಡೆದದ್ದು 25 ಲಕ್ಷ. ಬಡ್ಡಿಯೇ 27 ಲಕ್ಷದ 7 ಸಾವಿರ. ಮನೆಯೊಂದನ್ನು ಕಟ್ಟಿಸಿ, ಅದರ ಜೊತೆಗೆ ಕಾಣದ ಮತ್ತೊಂದು ಮನೆಯನ್ನು ಬ್ಯಾಂಕಿಗೆ ಕಟ್ಟಿಸಿಕೊಟ್ಟಂತೆ. "ರೀ, ಇದು ತಪ್ಪಿರಬೇಕು, ಇನ್ನೊಂದು ಸಲ ನೀವೇ ಗುಣಿಸಿ," ಎಂದು ಆಕೆ ಪುಸ್ತಕವನ್ನು ಗಂಡನ ಮುಂದಿಟ್ಟಳು. ಲೆಕ್ಕದ ಮೇಷ್ಟರು ಗುಣಿಸಿದರು. ಉತ್ತರ ಬದಲಾಗಲಿಲ್ಲ.

ಇದರಲ್ಲಿ ಬ್ಯಾಂಕಿನವರ ಮೋಸವೇನೂ ಇಲ್ಲ. ಬಡ್ಡಿ ಉಳಿದಿರುವ ಅಸಲಿನ ಮೇಲೆ ಮಾತ್ರ ಬೀಳುತ್ತದೆ. ಆದರೆ ಅಸಲು ಕರಗುವ ಬಗೆಯನ್ನು ನೋಡಬೇಕು. ಮೊದಲ ತಿಂಗಳಿನ 21,696 ರೂಪಾಯಿಯಲ್ಲಿ 17,708 ರೂಪಾಯಿ ಬಡ್ಡಿಗೆ ಹೋಗುತ್ತದೆ. ಅಸಲಿಗೆ ಸಲ್ಲುವುದು 3,988 ಮಾತ್ರ. ಮೊದಲ ವರ್ಷವೆಲ್ಲ 2 ಲಕ್ಷದ 60 ಸಾವಿರ ಕಟ್ಟಿದರೂ ಸಾಲ ಇಳಿಯುವುದು 50 ಸಾವಿರಕ್ಕೂ ಒಂದಿಷ್ಟು ಕಡಿಮೆ. ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ಹೆಚ್ಚಾಗಬೇಕಾದರೆ ಹನ್ನೆರಡನೆಯ ವರ್ಷದ ಕೊನೆಯವರೆಗೆ ಕಾಯಬೇಕು. ಅರ್ಧ ಸಾಲ ತೀರಬೇಕಾದರೆ ಸುಮಾರು 13 ವರ್ಷ 10 ತಿಂಗಳು. ಇಂದು ಎಂಟು ವರ್ಷದವಳಾದ ಮಗಳು ಆಗ ಇಪ್ಪತ್ತೆರಡರ ಹೊಸ್ತಿಲಿನಲ್ಲಿರುತ್ತಾಳೆ. ಕಾಲೇಜಿನ ಶುಲ್ಕವೆಲ್ಲ ಕಟ್ಟಿ ಮುಗಿದಿರುವ ಆ ಹೊತ್ತಿನಲ್ಲಿಯೂ ಪಡೆದ ಸಾಲದ ಅರ್ಧ ಹಾಗೆಯೇ ನಿಂತಿರುತ್ತದೆ.

ಬಾಡಿಗೆ ಕೊಡುವುದು ದಂಡ, ಕಂತು ಕಟ್ಟುವುದು ಸಂಪಾದನೆ ಎಂಬ ಮಾತು ಮಧ್ಯಮ ವರ್ಗದ ಮನೆಗಳಲ್ಲಿ ವೇದವಾಕ್ಯದಂತೆ ನಡೆಯುತ್ತದೆ. ಮೊದಲ ವರ್ಷಗಳ ಮಟ್ಟಿಗೆ ಅದು ಪೂರ್ತಿ ನಿಜವಲ್ಲ. ಆ 17,708 ರೂಪಾಯಿಯೂ ಬಾಡಿಗೆಯೇ. ಗೋಡೆಗಳಿಗಲ್ಲ, ಹಣಕ್ಕೆ ಕೊಡುವ ಬಾಡಿಗೆ. ಮನೆಯೊಡೆಯನಿಗೆ ಬದಲಾಗಿ ಬ್ಯಾಂಕು ಅದನ್ನು ಪಡೆಯುತ್ತದೆ, ಅಷ್ಟೆ. ಹಾಗೆಂದು ಸ್ವಂತ ಮನೆ ಬೇಡವೆಂದಲ್ಲ. ಪ್ರತಿ ವರ್ಷ ಬಾಡಿಗೆ ಏರಿಸುವ ಮಾತಿಲ್ಲದೆ, ಗೋಡೆಗೊಂದು ಮೊಳೆ ಹೊಡೆಯಲು ಯಾರ ಅಪ್ಪಣೆಯೂ ಇಲ್ಲದೆ ಬಾಳುವ ನೆಮ್ಮದಿಗೆ ಬೆಲೆಯುಂಟು. ಬೆಲೆಯೆಷ್ಟೆಂದು ತಿಳಿದು ಕೊಳ್ಳುವುದು ಬೇರೆ, ತಿಳಿಯದೆ ಕೊಳ್ಳುವುದು ಬೇರೆ.

ತಂದೆಯ ಮೌನಕ್ಕೆ ಹಳೆಯದೊಂದು ಕಾರಣವಿತ್ತು. ಅವರು ಹುಡುಗರಾಗಿದ್ದಾಗ ಅವರ ತಂದೆ ಬಯಲಿನ ಜಮೀನನ್ನು ಭೋಗ್ಯಕ್ಕೆ ಹಾಕಿದ್ದರು. ಭೋಗ್ಯದ ನಿಯಮ ಸರಳ: ಸಾಲ ಕೊಟ್ಟವನು ಜಮೀನನ್ನು ಅನುಭವಿಸಿ ಬೆಳೆಯನ್ನು ಬಡ್ಡಿಗೆ ವಜಾ ಮಾಡಿಕೊಳ್ಳುತ್ತಾನೆ, ಅಸಲನ್ನು ಒಟ್ಟಿಗೆ ತಂದು ಕೊಟ್ಟ ದಿನ ಜಮೀನು ಹಿಂದಕ್ಕೆ. 1882ರ ಸ್ವತ್ತು ವರ್ಗಾವಣೆ ಕಾಯಿದೆಯಲ್ಲಿ ಹೇಳಿರುವ ಅಡಮಾನದ ಬಗೆಗಳಲ್ಲಿ ಅದೂ ಒಂದು. ಹಕ್ಕುಪತ್ರಗಳನ್ನು ಒಪ್ಪಿಸಿ ಸಾಲ ಪಡೆಯುವ ಈಗಿನ ಬ್ಯಾಂಕಿನ ಪದ್ಧತಿಯೂ ಅದೇ ಕಾಯಿದೆಯ ಇನ್ನೊಂದು ಬಗೆ. ಭೋಗ್ಯದಲ್ಲಿ ಎಷ್ಟು ವರ್ಷ ಕಳೆದರೂ ಸಾಲ ಒಂದು ಕಾಸೂ ಇಳಿಯುವುದಿಲ್ಲ. ತನ್ನ ಹೊಲದಲ್ಲಿ ಬೇರೆಯವರು ಕೊಯ್ಲು ಮಾಡುವುದನ್ನು ಬದುವಿನ ಮೇಲೆ ನಿಂತು ನೋಡಿದವರಿಗೆ ಅಡಮಾನವೆಂಬ ಪದ ಕಿವಿಗೆ ಬಿದ್ದರೆ ಸಾಕು, ಎದೆ ಭಾರವಾಗುತ್ತದೆ. ಮೈಸೂರು ಸಂಸ್ಥಾನದಲ್ಲಿ ಸಹಕಾರಿ ಭೂ ಅಡಮಾನ ಬ್ಯಾಂಕು 1929ರಲ್ಲಿ ಹುಟ್ಟಿದ್ದಕ್ಕೆ ಹಿನ್ನೆಲೆ ಇಂಥ ಸಾಲಗಳೇ: ಅಸಲನ್ನೂ ಬಡ್ಡಿಯನ್ನೂ ಕೂಡಿಸಿ ದೀರ್ಘಕಾಲದ ಕಂತುಗಳಲ್ಲಿ ತೀರಿಸುವ ದಾರಿ ರೈತನಿಗೆ ಬೇಕಾಗಿತ್ತು. ಕಂತು ಎಂಬುದು ಮೂಲತಃ ಸಾಲಗಾರನನ್ನು ಬಿಡಿಸಲು ಬಂದ ಉಪಾಯವೆಂಬುದನ್ನು ಮರೆಯಬಾರದು.

ಇಲ್ಲಿ ಧರ್ಮಶಾಸ್ತ್ರದ ಮಾತೊಂದು ನೆನಪಿಗೆ ಬರುತ್ತದೆ. ಒಂದೇ ಸಲಕ್ಕೆ ವಸೂಲು ಮಾಡುವ ಬಡ್ಡಿಯು ಅಸಲನ್ನು ಮೀರಬಾರದೆಂಬ ನಿಯಮ ನಮ್ಮ ದೇಶದಲ್ಲಿ ಬಹಳ ಹಿಂದಿನದು. ದಾಮ್‌ದುಪಟ್ ಎಂಬ ಹೆಸರಿನಿಂದ ಬ್ರಿಟಿಷರ ಕಾಲದಲ್ಲಿ ಮುಂಬಯಿ ಪ್ರಾಂತದ ನ್ಯಾಯಾಲಯಗಳೂ ಅದನ್ನು ಮನ್ನಿಸುತ್ತಿದ್ದವು. ಆದರೆ ತಿಂಗಳು ತಿಂಗಳಿಗೆ ತೆತ್ತ ಬಡ್ಡಿಗೆ ಆ ಕಟ್ಟು ತಗಲುವುದಿಲ್ಲ. 25 ಲಕ್ಷಕ್ಕೆ 27 ಲಕ್ಷ ಬಡ್ಡಿ ಎಂದರೆ ಹಳೆಯ ಸ್ಮೃತಿಕಾರರು ಹುಬ್ಬೇರಿಸಿಯಾರು. ಕಂತಿನ ಲೆಕ್ಕವನ್ನು ತೋರಿಸಿದರೆ ಅವರೂ ಸುಮ್ಮನಾಗಬೇಕಾದೀತು.

ಮೇಷ್ಟರಿಗೆ ಮೊದಲು ತೋಚಿದ ಪರಿಹಾರವು ಅವಧಿಯನ್ನು ಉದ್ದ ಮಾಡುವುದು. ನಿವೃತ್ತಿಯ ವಯಸ್ಸು ಅಡ್ಡ ಬಾರದಿದ್ದರೆ ಮೂವತ್ತು ವರ್ಷಕ್ಕೂ ಸಾಲ ಸಿಕ್ಕುವುದುಂಟು. ಆಗ ಕಂತು 19,223 ರೂಪಾಯಿ. ತಿಂಗಳಿಗೆ 2,473 ರೂಪಾಯಿಯ ಉಳಿತಾಯ. ಸೊಸೆಯ ಪೆನ್ಸಿಲು ಮುಂದೆ ಸಾಗಿತು. ಬಡ್ಡಿ 44 ಲಕ್ಷದ 20 ಸಾವಿರವಾಯಿತು! ಕೈಗೆ ಎರಡೂವರೆ ಸಾವಿರ ಹಗುರಾದದ್ದಕ್ಕೆ 17 ಲಕ್ಷ ಹೆಚ್ಚಿನ ಬೆಲೆ. ಅದನ್ನೇ ತಿರುಗಿಸಿ ಹದಿನೈದು ವರ್ಷಕ್ಕೆ ಇಳಿಸಿದರೆ ಕಂತು 24,618. ತಿಂಗಳಿಗೆ 2,900 ರೂಪಾಯಿ ಹೆಚ್ಚು ಕಟ್ಟಿದರೆ ಬಡ್ಡಿ 19 ಲಕ್ಷದ 31 ಸಾವಿರಕ್ಕೆ ನಿಲ್ಲುತ್ತದೆ. ಏಳೂಮುಕ್ಕಾಲು ಲಕ್ಷ ಉಳಿಯಿತು. ಬಡ್ಡಿಯ ದರದಲ್ಲಿ ಕಾಲು ಪೈಸೆಗೆ ಹತ್ತು ಬ್ಯಾಂಕು ಅಲೆಯುವವರು ವರ್ಷಗಳ ಲೆಕ್ಕದ ಕಡೆಗೆ ಕಣ್ಣೆತ್ತಿ ನೋಡದಿರುವುದು ವಿಚಿತ್ರವೇ ಸರಿ.

ಇಷ್ಟೆಲ್ಲ ಲೆಕ್ಕವೂ ಬಡ್ಡಿಯ ದರ ಎಂಟೂವರೆಯಲ್ಲೇ ನಿಲ್ಲುತ್ತದೆಂಬ ನಂಬಿಕೆಯ ಮೇಲೆ ನಿಂತದ್ದು. ಅದು ನಿಲ್ಲುವುದಿಲ್ಲ. ಗೃಹಸಾಲಗಳಲ್ಲಿ ಹೆಚ್ಚಿನವು ಫ್ಲೋಟಿಂಗ್ ಎಂದು ಕರೆಯುವ ಏರಿಳಿಯುವ ಬಡ್ಡಿಯವು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಇಂಥ ಹೊಸ ಸಾಲಗಳನ್ನು ರಿಸರ್ವ್ ಬ್ಯಾಂಕು ಹೊರಗಿನ ಅಳತೆಗೋಲಿಗೆ, ಬಹುಮಟ್ಟಿಗೆ ತನ್ನದೇ ರೆಪೋ ದರಕ್ಕೆ, ಕಟ್ಟಿಹಾಕಿಸಿತು. ಆ ದರ 2020ರ ಮೇ ತಿಂಗಳಲ್ಲಿ ನೂರಕ್ಕೆ 4ಕ್ಕೆ ಇಳಿದಿತ್ತು. 2022ರ ಮೇ ತಿಂಗಳಿನಿಂದ ಆರು ಸಲ ಏರಿ 2023ರ ಫೆಬ್ರವರಿಯಲ್ಲಿ 6.5 ಮುಟ್ಟಿತು. ಒಂಬತ್ತೇ ತಿಂಗಳಲ್ಲಿ ಎರಡೂವರೆಯ ಏರಿಕೆ!

ಅಗ್ಗದ ದಿನಗಳಲ್ಲಿ ನೂರಕ್ಕೆ 7ರಂತೆ 25 ಲಕ್ಷವನ್ನು ಇಪ್ಪತ್ತು ವರ್ಷಕ್ಕೆ ಪಡೆದವರ ಪಾಡೇನಾಯಿತೆಂದು ನೋಡಬಹುದು. ಅವರ ಕಂತು 19,382 ರೂಪಾಯಿ. ಒಂದು ವರ್ಷ ಕಟ್ಟಿದ ಮೇಲೆ ಸಾಲ 24 ಲಕ್ಷದ 40 ಸಾವಿರ. ಏರಿಕೆಯೆಲ್ಲ ಒಟ್ಟಿಗೆ ಬಂತೆಂದು ಲೆಕ್ಕದ ಸೌಕರ್ಯಕ್ಕಾಗಿ ಹಿಡಿದರೆ ಬಡ್ಡಿ ಒಂಬತ್ತೂವರೆ. ತಿಂಗಳ ಬಡ್ಡಿಯೇ 19,320 ರೂಪಾಯಿ. ಕಂತನ್ನು ಹಾಗೆಯೇ ಬಿಟ್ಟರೆ ಅಸಲಿಗೆ ಸಲ್ಲುವುದು ಕೇವಲ 62 ರೂಪಾಯಿ. ಆ ವೇಗದಲ್ಲಿ ಸಾಲ ತೀರಲು ಇನ್ನೂ ಸುಮಾರು ಅರವತ್ತು ವರ್ಷ ಬೇಕು. ಬ್ಯಾಂಕಿನಿಂದ ಬರುವುದು ದೂರವಾಣಿಗೊಂದು ಸಣ್ಣ ಸಂದೇಶ: ನಿಮ್ಮ ಕಂತಿನಲ್ಲಿ ಬದಲಾವಣೆಯಿಲ್ಲ, ಅವಧಿ ಹೊಂದಿಸಲಾಗಿದೆ. ಓದಿದವರು ಕಂತು ಏರಲಿಲ್ಲವಲ್ಲ ಎಂದು ಸಮಾಧಾನಪಟ್ಟುಕೊಂಡರು. ಅಜ್ಜನ ಭೋಗ್ಯಕ್ಕೂ ಇದಕ್ಕೂ ಎಷ್ಟು ಅಂತರ? ಇಲ್ಲಿ ಮನೆಯೊಳಗೆ ತಾವೇ ವಾಸವಾಗಿದ್ದಾರೆಂಬುದೊಂದೇ.

ಅದೇ ಸಾಲ ಉಳಿದ ಹತ್ತೊಂಬತ್ತು ವರ್ಷದಲ್ಲಿ ಮುಗಿಯಬೇಕಾದರೆ ಕಂತು 23,157ಕ್ಕೆ ಏರಬೇಕಾಗಿತ್ತು. ಇಂಥ ಸಾಲಗಾರರ ಮೊರೆ ಎಷ್ಟು ಹೆಚ್ಚಿತೆಂದರೆ, 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕು ಒಂದು ಸುತ್ತೋಲೆ ಹೊರಡಿಸಬೇಕಾಯಿತು. ದರ ಬದಲಾಯಿಸುವಾಗ ಕಂತು ಏರಿಸುವುದೋ, ಅವಧಿ ಬೆಳೆಸುವುದೋ, ಎರಡನ್ನೂ ಒಂದಿಷ್ಟು ಮಾಡುವುದೋ ಎಂಬ ಆಯ್ಕೆ ಸಾಲಗಾರನಿಗಿರಬೇಕು. ಸ್ಥಿರ ಬಡ್ಡಿಗೆ ಬದಲಾಗುವ ಅವಕಾಶವನ್ನೂ 2025ರ ಸೆಪ್ಟೆಂಬರ್ ಕೊನೆಯವರೆಗೆ ತೋರಿಸಲೇಬೇಕಾಗಿತ್ತು. ಅವಧಿ ಬೆಳೆಸುವ ನೆಪದಲ್ಲಿ ಕಂತು ಬಡ್ಡಿಗೂ ಸಾಲದಂತಾಗಿ ಅಸಲು ಬೆಳೆಯಬಾರದು. ಇದುವರೆಗೆ ಪಡೆದ ಅಸಲು, ಬಡ್ಡಿ, ಉಳಿದ ಕಂತು ಇವುಗಳ ಪಟ್ಟಿಯನ್ನು ಮೂರು ತಿಂಗಳಿಗೊಮ್ಮೆ ಕೊಡಬೇಕು. ನಿಯಮ ಒಳ್ಳೆಯದು. ಆದರೆ ಆಯ್ಕೆಯ ಕಾಗದ ಬಂದಾಗ ಅದನ್ನು ಮಡಿಸಿ ಕ್ಯಾಲೆಂಡರಿನ ಹಿಂದೆ ಸಿಕ್ಕಿಸುವ ಮನೆಗೆ ಯಾವ ನಿಯಮವೂ ನೆರವಾಗದು. 2025ರಲ್ಲಿ ರೆಪೋ ದರ ನಾಲ್ಕು ಸಲ ಇಳಿದು ಡಿಸೆಂಬರಿನಲ್ಲಿ 5.25ಕ್ಕೆ ಬಂದಾಗ ಕಂತನ್ನು ಇಳಿಸಿಕೊಳ್ಳದೆ ಹಾಗೆಯೇ ಬಿಟ್ಟವರ ಅವಧಿ ಕುಗ್ಗಿತು. ಇಳಿಕೆಯ ಕಾಲದ ಆ ಸಂಯಮವು ಏರಿಕೆಯ ಕಾಲಕ್ಕೆ ಕೈಹಿಡಿಯುತ್ತದೆ.

ಮೇಷ್ಟರ ವಿಷಯದಲ್ಲಿ ಅವಧಿಯ ಪ್ರಶ್ನೆ ಬರಿಯ ಲೆಕ್ಕದ್ದಲ್ಲ. ಇಪ್ಪತ್ತು ವರ್ಷದ ಕೊನೆಯ ಕಂತು ಬೀಳುವುದು ಅವರು ಅರವತ್ತು ತುಂಬಿ ನಿವೃತ್ತರಾಗುವ ಹೊತ್ತಿಗೆ. ಅವರು ನೌಕರಿಗೆ ಸೇರಿದ್ದು 2006ರ ಏಪ್ರಿಲ್ 1ರ ನಂತರ. ಆದುದರಿಂದ ಹಿಂದಿನವರಂತೆ ನಿಶ್ಚಿತ ಪಿಂಚಣಿಯಲ್ಲ, ಎನ್.ಪಿ.ಎಸ್. ಖಾತೆಯಲ್ಲಿ ಕೂಡಿದ್ದಷ್ಟು. ಒಂದೆರಡು ವರ್ಷ ಅವಧಿ ಬೆಳೆದರೂ ಆ ಕಂತುಗಳು ಸಂಬಳವಿಲ್ಲದ ದಿನಗಳ ಮೇಲೆ ಬೀಳುತ್ತವೆ. ಇದನ್ನು ಗಂಡ ಹೇಳಲಿಲ್ಲ. ಹೆಂಡತಿಯೇ ಪುಸ್ತಕದ ಅಂಚಿನಲ್ಲಿ ಆತನ ವಯಸ್ಸನ್ನು ವರ್ಷ ವರ್ಷವೂ ಬರೆಯುತ್ತ ಹೋಗಿ ಅರವತ್ತರಲ್ಲಿ ಪೆನ್ಸಿಲು ನಿಲ್ಲಿಸಿದಳು.

ಕಂತಿನ ಹೊರಗಿನ ಖರ್ಚುಗಳೂ ಕೆಲವುಂಟು. ಬ್ಯಾಂಕಿನ ಸಂಸ್ಕರಣ ಶುಲ್ಕ, ವಕೀಲರ ಅಭಿಪ್ರಾಯ, ಎಂಜಿನಿಯರರ ಮೌಲ್ಯಮಾಪನ ಇವು ಸಣ್ಣವು. ಸಾಲದ ಜೊತೆಗೆ ಮಾರುವ ಜೀವವಿಮೆ ಸಣ್ಣದಲ್ಲ. ಕಂತು ಒಂದೇ ಸಲದ್ದು, ಕೈಯಿಂದ ಕೊಡಬೇಕಾಗಿಲ್ಲ, ಸಾಲಕ್ಕೇ ಸೇರಿಸುತ್ತೇವೆ ಎನ್ನುತ್ತಾರೆ. ಅದು 60 ಸಾವಿರವೆಂದಾದರೆ ಇಪ್ಪತ್ತು ವರ್ಷದಲ್ಲಿ ಅದಕ್ಕೆ ತೆರುವುದು 1 ಲಕ್ಷದ 25 ಸಾವಿರ. ವಿಮೆ ಬೇಡವೆಂದಲ್ಲ, ದುಡಿಯುವವರು ಒಬ್ಬರೇ ಇರುವ ಮನೆಗೆ ಅದು ಬೇಕೇ ಬೇಕು. ಪ್ರತ್ಯೇಕವಾಗಿ, ವರ್ಷ ವರ್ಷ ಕಟ್ಟುವ ಅವಧಿ ವಿಮೆಯನ್ನು ಕೊಂಡರೆ ಅದರ ಮೇಲೆ ಬಡ್ಡಿ ಬೀಳದು. ಇನ್ನು ತೆರಿಗೆಯ ವಿನಾಯಿತಿ. ಹಳೆಯ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ಅದುಂಟು. ಹೊಸ ಪದ್ಧತಿಯಲ್ಲಿ ಇಲ್ಲ. ತೆರಿಗೆ ಉಳಿಸುವುದಕ್ಕಾಗಿ ಸಾಲವಿಟ್ಟುಕೊಳ್ಳಿರೆಂದು ಸ್ಟಾಫ್ ರೂಮಿನಲ್ಲಿ ಉಪದೇಶಿಸುವವರು ತಾವು ಯಾವ ಪದ್ಧತಿಯಲ್ಲಿದ್ದೇವೆಂಬುದನ್ನು ಮೊದಲು ನೋಡಿಕೊಳ್ಳುವುದು ಲೇಸು.

ಸಾಲದ ಪರವಾಗಿ ಹೇಳಬೇಕಾದ ಮಾತೂ ಇದೆ, ಅದನ್ನು ಮುಚ್ಚಿಡಬಾರದು. 52 ಲಕ್ಷವೆಂಬುದು ಇಂದಿನ ರೂಪಾಯಿಯಲ್ಲ. ಬೆಲೆಗಳು ವರ್ಷಕ್ಕೆ ನೂರಕ್ಕೆ ಐದರಂತೆ ಏರಿದರೆ ಇಪ್ಪತ್ತು ವರ್ಷದ ನಂತರದ 21,696 ರೂಪಾಯಿಗೆ ದೊರೆಯುವ ಸಾಮಾನು ಇಂದು ಸುಮಾರು 8,200 ರೂಪಾಯಿಗೆ ದೊರೆಯುವಷ್ಟೇ. ಸಂಬಳವೂ ಏರುತ್ತದೆ. ಇಂದು ಬೆನ್ನು ಬಗ್ಗಿಸುವ ಕಂತು ಮುಂದೆ ಹಗುರಾಗುವುದು ನಿಜ. ಆದರೆ ಸಂಬಳ ಏರಿದಾಗ ಏನು ಮಾಡುತ್ತಾರೆಂಬುದರ ಮೇಲೆ ಎಲ್ಲವೂ ನಿಂತಿದೆ.

ಒಂದು ಲಕ್ಷ ರೂಪಾಯಿಯನ್ನು ಮೊದಲ ವರ್ಷದ ಕೊನೆಯಲ್ಲಿ ಅಸಲಿಗೆ ಕಟ್ಟಿ, ಕಂತನ್ನು ಹಾಗೆಯೇ ಮುಂದುವರಿಸಿದರೆ ಕೊನೆಯ ಇಪ್ಪತ್ತೊಂದು ಕಂತುಗಳು ಮಾಯವಾಗುತ್ತವೆ. ಉಳಿಯುವ ಬಡ್ಡಿ ಸುಮಾರು 3 ಲಕ್ಷದ 64 ಸಾವಿರ. ಅದೇ ಲಕ್ಷವನ್ನು ಹದಿನೈದನೆಯ ವರ್ಷದ ಕೊನೆಯಲ್ಲಿ ಕಟ್ಟಿದರೆ ಉಳಿಯುವುದು 50 ಸಾವಿರ. ವರ್ಷಕ್ಕೊಂದು ಹೆಚ್ಚಿನ ಕಂತನ್ನು ತಪ್ಪದೆ ಕಟ್ಟುತ್ತ ಬಂದರೆ ಇಪ್ಪತ್ತು ವರ್ಷದ ಸಾಲ 16 ವರ್ಷ 9 ತಿಂಗಳಲ್ಲಿ ತೀರಿ ಐದು ಲಕ್ಷಕ್ಕೂ ಮಿಕ್ಕು ಉಳಿಯುತ್ತದೆ. ವ್ಯಕ್ತಿಗಳು ಪಡೆದ ಏರಿಳಿಯುವ ಬಡ್ಡಿಯ ಗೃಹಸಾಲವನ್ನು ಮೊದಲೇ ತೀರಿಸಿದರೆ ಬ್ಯಾಂಕುಗಳು ದಂಡ ಹಾಕಬಾರದೆಂದು ರಿಸರ್ವ್ ಬ್ಯಾಂಕು 2012ರಲ್ಲಿಯೇ ಅಪ್ಪಣೆ ಮಾಡಿದೆ. ಸಾಲ ತೀರಿದ ಮೂವತ್ತು ದಿನದೊಳಗೆ ಪತ್ರಗಳನ್ನು ಹಿಂದಿರುಗಿಸದೆ ತನ್ನ ತಪ್ಪಿನಿಂದ ತಡಮಾಡುವ ಬ್ಯಾಂಕು ದಿನಕ್ಕೆ 5,000 ರೂಪಾಯಿ ಪರಿಹಾರ ತೆರಬೇಕೆಂಬ ನಿಯಮ 2023ರ ಡಿಸೆಂಬರ್ 1ರಿಂದ ಇದೆ.

ಆ ರಾತ್ರಿ ಊಟವಾದ ಮೇಲೆ ಮಾವನವರು ಸೊಸೆಯನ್ನು ಕರೆದು, "ತೋಟದಲ್ಲಿ ರಸ್ತೆ ಕಡೆಯ ತುಂಡನ್ನು ಕೊಟ್ಟುಬಿಡೋಣ ತಾಯೀ, ಒಂದೈದು ಲಕ್ಷವಾದರೂ ಕಡಿಮೆಯಾದೀತು," ಎಂದರು. ಮಳೆಯಿಲ್ಲದ ವರ್ಷಗಳಲ್ಲಿ ಬೊಗಸೆ ನೀರು ಹನಿಸಿ ಬದುಕಿಸಿಕೊಂಡ ಮರಗಳು ಅವು. ಆಕೆ, "ಬೇಡ ಮಾವ. ಮೇಲಿನ ಅಂತಸ್ತನ್ನೇ ಬಿಟ್ಟರೆ ಐದು ಲಕ್ಷ ಕಡಿಮೆಯಾಗುತ್ತದೆ," ಎಂದಳು.

ಮೇಷ್ಟರು ಒಪ್ಪಲು ಎರಡು ದಿನ ಹಿಡಿಯಿತು. ಮೇಲೊಂದು ಕೋಣೆ, ಅದರ ಮುಂದೆ ಪುಸ್ತಕ ಓದಲೊಂದು ಬಿಸಿಲುಮಚ್ಚು ಎಂದು ಅವರು ಬಹುಕಾಲ ಕನಸು ಕಂಡಿದ್ದರು. ನೆಂಟರ ಮುಂದೆ ಹೇಳಿಯೂ ಆಗಿತ್ತು. ಮೂರನೆಯ ದಿನ ಬ್ಯಾಂಕಿಗೆ ಹೋಗಿ 20 ಲಕ್ಷಕ್ಕೆ, ಹದಿನೈದು ವರ್ಷಕ್ಕೆ ಅರ್ಜಿ ಬರೆದುಕೊಟ್ಟರು. ಕಂತು 19,695. ಬಡ್ಡಿಯೆಲ್ಲ ಸೇರಿ ತೆರುವುದು 35 ಲಕ್ಷದ 45 ಸಾವಿರ. ಮೊದಲಿನ ಲೆಕ್ಕಕ್ಕಿಂತ ಬಡ್ಡಿಯಲ್ಲಿ ಹನ್ನೊಂದೂವರೆ ಲಕ್ಷಕ್ಕೂ ಹೆಚ್ಚು ಕಡಿಮೆ. ಕೊನೆಯ ಕಂತಿಗೆ ಮೇಷ್ಟರಿಗೆ ಐವತ್ತೈದು. ಅಧಿಕಾರಿಗಳು, "ಇನ್ನೂ ಹೆಚ್ಚು ಸಿಗುತ್ತದಲ್ಲ ಮೇಷ್ಟ್ರೇ, ಏಕೆ ಕಡಿಮೆ ಕೇಳುತ್ತೀರಿ?" ಎಂದು ನಿಜವಾಗಿಯೇ ಆಶ್ಚರ್ಯಪಟ್ಟರು.

ಮನೆ ಎದ್ದು ನಿಂತಿತು. ಮೆಟ್ಟಿಲನ್ನು ಮಾತ್ರ ತಾರಸಿಯವರೆಗೆ ಕಟ್ಟಿಸಿದರು. ಹೆದ್ದಾರಿಯ ಎರಡು ಬದಿಯ ಮನೆಗಳಲ್ಲಿರುವಂತೆ ಇಲ್ಲಿಯೂ ಮೂಲೆಯ ಕಂಬಗಳಿಂದ ಕಬ್ಬಿಣದ ಸರಳುಗಳು ಆಕಾಶದ ಕಡೆಗೆ ಚಾಚಿಕೊಂಡಿವೆ. ತುಕ್ಕು ಹಿಡಿಯಬಾರದೆಂದು ಮೇಸ್ತ್ರಿ ಅವುಗಳಿಗೆ ಸಿಮೆಂಟಿನ ಹಾಲು ಬಳಿದು ಹೋಗಿದ್ದಾನೆ. ಸಂಜೆಯ ಹೊತ್ತು ಮುದುಕರು ಅಲ್ಲಿಗೆ ಹತ್ತಿ, ತೆಂಗಿನಕಾಯಿ ಒಣಗಲು ಹರವುತ್ತಾರೆ.